ಅಳಿವೆ, ಮರಳು, ದಡ: ನಮ್ಮ ಕಡಲತೀರ ಬದಲಾಗುವ ಬಗೆ

(ಕರಾವಳಿಯ ಪದವಿ ಕಾಲೇಜೊಂದರಲ್ಲಿ ವಿದ್ಯಾರ್ಥಿಗಳು ಮತ್ತು ಊರವರ ಮುಂದೆ ನೀಡಿದ ಉಪನ್ಯಾಸದ ಬರಹ ರೂಪ)

ಮುಂಗಾರು ಬಿರುಸಾಗುತ್ತಿದ್ದಂತೆ ನಮ್ಮ ಜಿಲ್ಲೆಗಳ ಪತ್ರಿಕೆಗಳಲ್ಲಿ ಕಡಲ್ಕೊರೆತದ ಸುದ್ದಿ ಬರತೊಡಗುತ್ತದೆ. ತೆಂಗಿನ ಮರಗಳು ಉರುಳಿದವು, ಮೀನುಗಾರಿಕಾ ರಸ್ತೆ ಕುಸಿಯಿತು, ಅಧಿಕಾರಿಗಳು ಸ್ಥಳಕ್ಕೆ ಭೇಟಿ ನೀಡಿದರು, ಲಾರಿಗಳಲ್ಲಿ ಕಲ್ಲು ತಂದು ಸುರಿಯಲಾಯಿತು ಎಂಬ ವರದಿಗಳನ್ನು ನಾವೆಲ್ಲ ಓದಿದ್ದೇವೆ. ಅದೇ ದಡಕ್ಕೆ ಅಕ್ಟೋಬರ್ ಹೊತ್ತಿಗೆ ಮರಳು ಹಿಂತಿರುಗಿ, ಜನವರಿಯಲ್ಲಿ ಮಕ್ಕಳು ಕ್ರಿಕೆಟ್ ಆಡುವಷ್ಟು ಅಗಲವಾದ ಬಯಲು ಏರ್ಪಟ್ಟಿರುವುದು ಸುದ್ದಿಯಾಗುವುದಿಲ್ಲ. ಆದ್ದರಿಂದ ವರ್ಷದ ಅರ್ಧ ಕಥೆಯನ್ನಷ್ಟೇ ಕೇಳಿ, ಕಡಲು ನಮ್ಮ ನೆಲವನ್ನು ನುಂಗುತ್ತಿದೆ ಎಂಬ ತೀರ್ಮಾನಕ್ಕೆ ಬಂದುಬಿಡುತ್ತೇವೆ. ಮಳೆಗಾಲದಲ್ಲಿ ಮರಳು ಹೋಗುವುದು ಸಹಜ. ಹೋದ ಮರಳು ಹಿಂತಿರುಗದೇ ಇರುವುದು ಅಸಹಜ, ಮತ್ತು ಅದರ ಕಾರಣವನ್ನು ಅಲೆಗಳಲ್ಲಿ ಹುಡುಕುವ ಮೊದಲು ನದಿಗಳಲ್ಲಿ, ಅವು ಕಡಲು ಸೇರುವ ಅಳಿವೆಗಳಲ್ಲಿ, ದಡದ ಮೇಲೆ ನಾವು ಕಟ್ಟಿರುವ ಕಟ್ಟಡಗಳಲ್ಲಿ ಹುಡುಕಬೇಕು. ಇಂದು ನಾನು ಹೇಳಬಯಸುವುದು ಇದನ್ನೇ.

ಮೊದಲು ಈ ಮರಳು ಎಲ್ಲಿಂದ ಬಂತೆಂದು ನೋಡೋಣ. ಕರ್ನಾಟಕದ ಕರಾವಳಿ ಮುನ್ನೂರು ಕಿಲೋಮೀಟರಿಗಿಂತ ಸ್ವಲ್ಪ ಹೆಚ್ಚು ಉದ್ದವಿದೆ. ಇಷ್ಟು ಸಣ್ಣ ಅಂತರದಲ್ಲಿ ನೇತ್ರಾವತಿ, ಫಲ್ಗುಣಿ, ನಂದಿನಿ, ಶಾಂಭವಿ, ಉದ್ಯಾವರ, ಸ್ವರ್ಣಾ, ಸೀತಾ, ಹಾಲಾಡಿ, ಸೌಪರ್ಣಿಕಾ, ಶರಾವತಿ, ಅಘನಾಶಿನಿ, ಗಂಗಾವಳಿ, ಕಾಳಿ ಹೀಗೆ ಹತ್ತಾರು ನದಿಗಳು ಪಶ್ಚಿಮಘಟ್ಟದಿಂದ ಇಳಿದು ಕಡಲು ಸೇರುತ್ತವೆ. ಇವು ಉದ್ದದಲ್ಲಿ ಚಿಕ್ಕವಾದರೂ ಘಟ್ಟದ ಕಡಿದಾದ ಇಳಿಜಾರಿನಿಂದ ಧುಮುಕುವುದರಿಂದ ಮಳೆಗಾಲದ ನಾಲ್ಕು ತಿಂಗಳಲ್ಲಿ ಅಪಾರ ಪ್ರಮಾಣದ ಮಣ್ಣು ಮರಳನ್ನು ಹೊತ್ತು ತರುತ್ತವೆ. ಘಟ್ಟದ ಬಂಡೆ ಸವೆದು, ಒಡೆದು, ಹೊಳೆಯಲ್ಲಿ ಉರುಳಿ ಕೊನೆಗೆ ಉಳಿಯುವ ಗಟ್ಟಿ ಕಣವೇ ನಾವು ಬರಿಗಾಲಿನಲ್ಲಿ ತುಳಿಯುವ ಮರಳು. ಅದರ ಬಹುಭಾಗ ಬೆಣಚುಕಲ್ಲಿನ ಕಣಗಳು. ನಡುವೆ ಚಿಪ್ಪಿನ ಚೂರುಗಳಿರುತ್ತವೆ. ಅಲ್ಲಲ್ಲಿ ಅಲೆ ತೊಳೆದುಬಿಟ್ಟ ಕಪ್ಪು ಪಟ್ಟಿಗಳಲ್ಲಿ ಇಲ್ಮನೈಟ್, ಮ್ಯಾಗ್ನಟೈಟ್‌ನಂತಹ ತೂಕದ ಖನಿಜಗಳಿರುತ್ತವೆ. ಉತ್ತರ ಕನ್ನಡದಲ್ಲಿ ಗುಡ್ಡಗಳು ಕಡಲಿನವರೆಗೂ ಚಾಚಿಕೊಂಡಿರುವುದರಿಂದ ಗೋಕರ್ಣದ ಕುಡ್ಲೆ, ಓಂ ತೀರಗಳಂತಹ ಚಿಕ್ಕ ಚಿಕ್ಕ ಕೊಲ್ಲಿಗಳಲ್ಲಿ ಮರಳು ಸಿಲುಕಿ ನಿಂತಿದೆ. ಉಡುಪಿ ಮತ್ತು ದಕ್ಷಿಣ ಕನ್ನಡದಲ್ಲಿ ಅಂತಹ ತಡೆಗಳು ಕಡಿಮೆ. ಅಲ್ಲಿ ಮರಳಿನ ದಡ ನದಿಯಿಂದ ನದಿಗೆ ನೇರವಾಗಿ ಚಾಚಿದೆ. ಒಂದು ಕಡೆ ಮಾಡಿದ ಕೆಲಸದ ಫಲ ಇನ್ನೊಂದು ಕಡೆ ಕಾಣಿಸಿಕೊಳ್ಳುವುದು ಈ ನೇರ ದಡಗಳಲ್ಲೇ ಹೆಚ್ಚು.

ಈಗಿರುವ ದಡ ಎಂದಿನಿಂದಲೂ ಇಲ್ಲೇ ಇತ್ತೆಂದು ಭಾವಿಸಬೇಕಿಲ್ಲ. ಸುಮಾರು 20,000 ವರ್ಷಗಳ ಹಿಂದೆ, ಹಿಮಯುಗದ ಉತ್ತುಂಗದಲ್ಲಿ, ಜಗತ್ತಿನ ಸಮುದ್ರಮಟ್ಟ ಇಂದಿಗಿಂತ ಸುಮಾರು 120 ಮೀಟರ್ ಕೆಳಗಿತ್ತು. ಇಂದು ನಮ್ಮ ದೋಣಿಗಳು ಬಲೆ ಬೀಸುವ ಜಾಗವೆಲ್ಲ ಆಗ ಒಣನೆಲವಾಗಿತ್ತು. ಹಿಮ ಕರಗುತ್ತ ಬಂದಂತೆ ಕಡಲು ಮೇಲೇರಿ, ಸುಮಾರು ಆರೇಳು ಸಾವಿರ ವರ್ಷಗಳ ಹಿಂದೆ ಇಂದಿನ ಮಟ್ಟದ ಆಸುಪಾಸಿಗೆ ಬಂದು ನಿಂತಿತು. ನಮ್ಮ ಮರಳಿನ ತೀರಗಳು, ಹೊಳೆಗೂ ಕಡಲಿಗೂ ನಡುವೆ ಚಾಚಿದ ಕೋಡಿ, ಬೆಂಗ್ರೆಗಳೆಂಬ ಮರಳಿನ ಪಟ್ಟಿಗಳು ಬಹುಮಟ್ಟಿಗೆ ಆನಂತರ ರೂಪುಗೊಂಡವು. ಭೂಮಿಯ ವಯಸ್ಸಿನ ಲೆಕ್ಕದಲ್ಲಿ ಇವು ತೀರ ಎಳೆಯ ನೆಲಗಳು.

ಇನ್ನು ವರ್ಷದೊಳಗಿನ ಬದಲಾವಣೆ. ಹುಣ್ಣಿಮೆ ಅಮಾವಾಸ್ಯೆಗಳ ಉಬ್ಬರ ಇಳಿತಗಳ ಅಂತರ ಮಂಗಳೂರಿನಲ್ಲಿ ಸುಮಾರು ಒಂದೂವರೆ ಮೀಟರ್, ಕಾರವಾರದಲ್ಲಿ ಸುಮಾರು 2 ಮೀಟರ್. ಗುಜರಾತಿನ ಖಂಭಾತ್ ಕೊಲ್ಲಿಯ ಉಬ್ಬರದ ಮುಂದೆ ಇದು ಏನೂ ಅಲ್ಲ. ನಮ್ಮ ದಡವನ್ನು ರೂಪಿಸುವ ಮುಖ್ಯ ಶಕ್ತಿ ಅಲೆ, ಅದರಲ್ಲೂ ಮುಂಗಾರಿನ ಅಲೆ. ಜೂನ್‌ನಿಂದ ಆಗಸ್ಟ್‌ವರೆಗೆ ಒಂದರ ಬೆನ್ನಿಗೊಂದು ಬಂದು ಬಡಿಯುವ ಎತ್ತರದ ಅಲೆಗಳು ದಡದ ಮರಳನ್ನು ಕೆದಕಿ ಒಳಗೆ ಎಳೆದುಕೊಳ್ಳುತ್ತವೆ. ಆ ಮರಳು ಎಲ್ಲಿಗೂ ದೂರ ಹೋಗುವುದಿಲ್ಲ. ದಡದಿಂದ ಸ್ವಲ್ಪ ಆಚೆ, ನೀರಿನಡಿಯಲ್ಲಿ, ದಡಕ್ಕೆ ಸಮಾನಾಂತರವಾಗಿ ಒಂದು ದಿಬ್ಬವಾಗಿ ಕೂರುತ್ತದೆ. ಆ ದಿಬ್ಬದ ಮೇಲೆ ದೊಡ್ಡ ಅಲೆಗಳು ಮೊದಲೇ ಒಡೆಯುವುದರಿಂದ ದಡಕ್ಕೆ ತಲುಪುವ ಹೊಡೆತ ಕಡಿಮೆಯಾಗುತ್ತದೆ. ಅಂದರೆ ಸವೆದ ಮರಳೇ ದಡವನ್ನು ಕಾಯುತ್ತದೆ. ಸೆಪ್ಟೆಂಬರಿನ ನಂತರ ಬರುವ ನಿಧಾನವಾದ, ಉದ್ದನೆಯ ಅಲೆಗಳು ಅದೇ ಮರಳನ್ನು ಸ್ವಲ್ಪ ಸ್ವಲ್ಪವಾಗಿ ಮೇಲಕ್ಕೆ ತಳ್ಳುತ್ತವೆ, ಒಣಗಿದ ಮರಳನ್ನು ಗಾಳಿ ಇನ್ನಷ್ಟು ಮೇಲಕ್ಕೆ ಒಯ್ದು ಬಳ್ಳಿ ಹುಲ್ಲುಗಳ ಬುಡದಲ್ಲಿ ಗುಡ್ಡೆ ಹಾಕುತ್ತದೆ. ಮಳೆಗಾಲಕ್ಕೆಂದು ಹಿಂದಿನವರು ಅಕ್ಕಿ ಮುಡಿ ಕಟ್ಟಿಟ್ಟಂತೆ, ದಡದ ಮೇಲಿನ ಈ ಮರಳದಿಬ್ಬ ಮುಂದಿನ ಮುಂಗಾರಿಗೆ ತೀರ ಮಾಡಿಟ್ಟುಕೊಂಡ ದಾಸ್ತಾನು. ಅದನ್ನು ಸಮತಟ್ಟು ಮಾಡಿ ವಾಹನ ನಿಲುಗಡೆಗೋ ಅಂಗಡಿ ಸಾಲಿಗೋ ಬಿಟ್ಟುಕೊಟ್ಟ ಊರಿಗೆ ಜೂನ್‌ನಲ್ಲಿ ಖರ್ಚು ಮಾಡಲು ಏನೂ ಉಳಿದಿರುವುದಿಲ್ಲ.

ಮರಳು ದಡದಿಂದ ಕಡಲಿಗೆ, ಕಡಲಿನಿಂದ ದಡಕ್ಕೆ ಓಡಾಡುವುದರ ಜೊತೆಗೆ ದಡದ ಉದ್ದಕ್ಕೂ ಸಾಗುತ್ತದೆ. ಅಲೆ ಓರೆಯಾಗಿ ಬಂದು ಬಡಿದಾಗ ಕಣಗಳು ಓರೆಯಾಗಿ ಮೇಲೇರಿ ನೇರವಾಗಿ ಕೆಳಗಿಳಿಯುತ್ತವೆ. ಹೀಗೆ ಒಂದೊಂದು ಅಲೆಗೂ ಒಂದೊಂದು ಹೆಜ್ಜೆ ಪಕ್ಕಕ್ಕೆ ಸರಿಯುತ್ತವೆ. ಗಾಳಿ ಅಲೆಗಳ ದಿಕ್ಕು ಋತುವಿನೊಂದಿಗೆ ಬದಲಾಗುವುದರಿಂದ ಈ ಸಾಗಾಟದ ದಿಕ್ಕೂ ಬದಲಾಗುತ್ತದೆ. ನದಿ ಸೇರುವ ಜಾಗದಲ್ಲಿ ಇದರ ಪರಿಣಾಮ ಕಣ್ಣಿಗೆ ಕಟ್ಟುವಂತೆ ಕಾಣುತ್ತದೆ. ಹೊಳೆಯ ನೀರು ಹೊರಹೋಗಲು ಬಾಗಿಲು ಬೇಕೆನ್ನುತ್ತದೆ, ದಡದುದ್ದಕ್ಕೂ ಬರುವ ಮರಳು ಆ ಬಾಗಿಲನ್ನು ಮುಚ್ಚಲು ನೋಡುತ್ತದೆ, ಇವೆರಡರ ಜಗ್ಗಾಟದಲ್ಲಿ ಹೊಳೆಗೂ ಕಡಲಿಗೂ ನಡುವೆ ಉದ್ದನೆಯ ಮರಳಿನ ನಾಲಗೆಯೊಂದು ಬೆಳೆಯುತ್ತದೆ. ಕೋಡಿ ಬೆಂಗ್ರೆ, ಮಂಗಳೂರಿನ ಬೆಂಗ್ರೆ, ಪಡುಕೆರೆ ಇವೆಲ್ಲ ಹೀಗೆ ಪಶ್ಚಿಮಕ್ಕೆ ಕಡಲು, ಪೂರ್ವಕ್ಕೆ ಹೊಳೆ ಇರುವ ಪಟ್ಟಿಗಳು. ಶಾಂಭವಿ ಮತ್ತು ನಂದಿನಿ ನದಿಗಳು ಒಂದಾಗಿ ಕಡಲು ಸೇರುವ ಸಸಿಹಿತ್ಲಿನಲ್ಲಿ ಅಳಿವೆ ಸರಿದಂತೆ ಒಂದು ಬದಿಯ ಮರಳು ಕೊಚ್ಚಿಹೋಗಿ ಗಾಳಿಮರಗಳು ಉರುಳಿದ್ದನ್ನು ಅಲ್ಲಿಯವರು ಕಂಡಿದ್ದಾರೆ. ಅಳಿವೆ ಸರಿಯುವುದು ಅಳಿವೆಯ ಸ್ವಭಾವ. ಅದು ಸರಿಯುವ ವ್ಯಾಪ್ತಿಯೊಳಗೆ ಶಾಶ್ವತ ಕಟ್ಟಡ ಕಟ್ಟಬಾರದೆಂಬ ತಿಳಿವಳಿಕೆ ಹಳೆಯ ಮೀನುಗಾರರಿಗೆ ಇತ್ತು. ಅವರು ಅಳಿವೆಯ ಬಾಯಲ್ಲಿ ದೋಣಿ ಎಳೆದಿಡುತ್ತಿದ್ದರು, ಮನೆ ಕಟ್ಟುತ್ತಿರಲಿಲ್ಲ.

ಇಷ್ಟು ಚಂಚಲವಾದ ನೆಲದಲ್ಲಿ ಏನು ಬದುಕೀತು ಎಂದು ಯಾರಿಗಾದರೂ ಅನ್ನಿಸಬಹುದು. ಹಗಲು ಹನ್ನೊಂದರ ಬಿಸಿಲಿನಲ್ಲಿ ನೋಡಿದರೆ ತೀರ ಖಾಲಿಯಾಗಿಯೇ ಕಾಣುತ್ತದೆ. ಬೆಳಕು ಹರಿಯುವ ಮುನ್ನ, ಇಳಿತದ ಸಮಯದಲ್ಲಿ, ನಡೆಯುವವರ ಕಾಲಡಿ ಬೀಳದ ಜಾಗಕ್ಕೆ ಹೋಗಿ ಮಂಡಿಯೂರಿ ಕುಳಿತು ನೋಡಬೇಕು. ಅಲೆ ಹಿಂದೆ ಸರಿದ ಒದ್ದೆ ಮರಳಿನಲ್ಲಿ ಹೆಬ್ಬೆರಳಿನ ಗಾತ್ರದ, ಮೊಟ್ಟೆಯಾಕಾರದ ಪುಟ್ಟ ಪ್ರಾಣಿಯೊಂದು ಹಿಮ್ಮುಖವಾಗಿ ಕ್ಷಣಮಾತ್ರದಲ್ಲಿ ಹೂತುಹೋಗುತ್ತದೆ. ಅದು ಮೋಲ್ ಕ್ರ್ಯಾಬ್. ಹೂತುಕೊಂಡ ಮೇಲೆ ಗರಿಯಂತಹ ಎರಡು ಮೀಸೆಗಳನ್ನಷ್ಟೇ ಹೊರಚಾಚಿ, ಹಿಂದಿರುಗುವ ನೀರಿನಿಂದ ಸೂಕ್ಷ್ಮ ಆಹಾರವನ್ನು ಸೋಸಿಕೊಳ್ಳುತ್ತದೆ. ಅದರ ನೆರೆಯಲ್ಲೇ ಮರುವಾಯಿಯ ಬಳಗಕ್ಕೆ ಸೇರಿದ, ಬೆಣೆಯಾಕಾರದ ಸಣ್ಣ ಚಿಪ್ಪಿನ ಜೀವಿಗಳು ಉಬ್ಬರದೊಂದಿಗೆ ಮೇಲಕ್ಕೂ ಇಳಿತದೊಂದಿಗೆ ಕೆಳಕ್ಕೂ ವಲಸೆ ಹೋಗುತ್ತವೆ. ಅಲೆ ಬಂದಾಗ ಮರಳಿನಿಂದ ಹೊರಬಂದು, ನೀರಿನ ಜೊತೆ ಸ್ವಲ್ಪ ದೂರ ಸಾಗಿ, ಅಲೆ ಸರಿಯುವುದರೊಳಗೆ ಮತ್ತೆ ಹೂತುಕೊಳ್ಳುವ ಇವುಗಳ ವೇಗ ನೋಡುವಂಥದ್ದು. ಇನ್ನೂ ಕೆಳಗಿನ ಲೋಕ ಬರಿಗಣ್ಣಿಗೆ ಕಾಣುವುದಿಲ್ಲ: ಎರಡು ಮರಳಿನ ಕಣಗಳ ನಡುವಿನ ಸಂದಿನಲ್ಲೇ ಇಡೀ ಜೀವನ ಕಳೆಯುವ ದುಂಡುಹುಳುಗಳೂ ಸೂಕ್ಷ್ಮ ಕಠಿಣಚರ್ಮಿಗಳೂ ಅಲ್ಲಿವೆ. ಕಡಲಿನ ನೀರು ಮರಳಿನ ಮೂಲಕ ಇಂಗುವಾಗ ಅದರಲ್ಲಿನ ಕೊಳೆಯನ್ನು ಈ ಜೀವಿಗಳೂ ಬ್ಯಾಕ್ಟೀರಿಯಾಗಳೂ ಸೇರಿ ಕರಗಿಸುತ್ತವೆ. ಮರಳಿನ ತೀರ ಒಂದು ದೊಡ್ಡ ಶೋಧಕ ಎಂದು ವಿಜ್ಞಾನಿಗಳು ಕರೆಯುವುದು ಈ ಕಾರಣಕ್ಕೆ.

ಸ್ವಲ್ಪ ಮೇಲೆ ಬಂದರೆ ಏಡಿಗಳ ಸಾಮ್ರಾಜ್ಯ. ಇಳಿತದ ವೇಳೆ ಒದ್ದೆ ಮರಳಿನ ಮೇಲೆ ಸಾಸಿವೆಗಿಂತ ದೊಡ್ಡದಾದ ಮರಳುಂಡೆಗಳು ರಂಗೋಲಿಯ ಎಳೆಗಳಾಗಿ ಬಿದ್ದಿರುವುದನ್ನು ನೀವು ಕಂಡಿರುತ್ತೀರಿ; ಅದು ಬಬ್ಲರ್ ಏಡಿಯ ಊಟದ ಗುರುತು. ಮರಳನ್ನು ಬಾಯಿಗಿಟ್ಟು, ಕಣಗಳಿಗೆ ಅಂಟಿದ ಸೂಕ್ಷ್ಮಜೀವಿಗಳನ್ನು ತಿಂದು, ಉಳಿದದ್ದನ್ನು ಉಂಡೆ ಮಾಡಿ ಬಿಡುತ್ತದೆ. ಉಬ್ಬರದ ಗೆರೆಯಿಂದ ಮೇಲೆ ಗೋಸ್ಟ್ ಕ್ರ್ಯಾಬ್ ಎಂದು ಹೆಸರಾದ ಮರಳೇಡಿಯ ಬಿಲಗಳು ಸಿಗುತ್ತವೆ. ಹೊಸದಾಗಿ ತೋಡಿದ ಬಿಲದ ಬಾಯಿಯ ಒಂದೇ ಬದಿಗೆ ಒದ್ದೆ ಮರಳು ಬೀಸಣಿಗೆಯಾಕಾರದಲ್ಲಿ ಹರಡಿರುತ್ತದೆ, ಅದರ ಬಣ್ಣ ಸುತ್ತಲಿನ ಒಣಮರಳಿಗಿಂತ ಕಪ್ಪಾಗಿರುತ್ತದೆ, ಮತ್ತು ಅದರ ಮೇಲೆ ಸೂಜಿ ಚುಚ್ಚಿದಂತಹ ಕಾಲ್ಗುರುತುಗಳ ಸಾಲು ಇರುತ್ತದೆ. ನೀರಿನ ಸಮೀಪ ಮರಿಗಳ ಸಣ್ಣ ಬಿಲಗಳು, ಮೇಲೆ ಹೋದಂತೆ ದೊಡ್ಡ ಏಡಿಗಳ ಆಳವಾದ ಬಿಲಗಳು. ನೆಲದ ಮೇಲೆ ಬದುಕಿದರೂ ಇದರ ಕಿವಿರು ತೇವವಾಗಿರಲೇಬೇಕಾದ್ದರಿಂದ ಬಿಲ ತೇವದ ಮರಳಿನವರೆಗೂ ಇಳಿಯುತ್ತದೆ. ಜಗತ್ತಿನ ಅನೇಕ ತೀರಗಳಲ್ಲಿ ಮನುಷ್ಯರ ತುಳಿತ ಎಷ್ಟಾಗಿದೆ ಎಂದು ಅಳೆಯಲು ಸಂಶೋಧಕರು ಈ ಬಿಲಗಳನ್ನೇ ಎಣಿಸುತ್ತಾರೆ. ಜೀಪು, ಬೈಕುಗಳು ಓಡಾಡುವ ಕಡೆ ಬಿಲಗಳು ವಿರಳವಾಗುತ್ತವೆ. ನಿಮ್ಮೂರಿನ ತೀರದ ಆರೋಗ್ಯ ತಿಳಿಯಲು ಯಂತ್ರವೇನೂ ಬೇಕಿಲ್ಲ. ಒಂದು ನೂಲು, ನಾಲ್ಕು ಕೋಲು ಇದ್ದರೆ ಇಷ್ಟು ಚದರ ಮೀಟರಿನಲ್ಲಿ ಎಷ್ಟು ಬಿಲ ಎಂದು ಈ ಕಾಲೇಜಿನ ವಿದ್ಯಾರ್ಥಿಗಳೇ ತಿಂಗಳಿಗೊಮ್ಮೆ ಲೆಕ್ಕವಿಡಬಹುದು.

ಈ ಏಡಿ, ಹುಳು, ಚಿಪ್ಪುಗಳನ್ನು ನಂಬಿಕೊಂಡೇ ಚಳಿಗಾಲದಲ್ಲಿ ಸ್ಯಾಂಡರ್ಲಿಂಗ್, ಪ್ಲೋವರ್ ಮುಂತಾದ ಹಕ್ಕಿಗಳು ಉತ್ತರ ಧ್ರುವದ ಅಂಚಿನಿಂದಲೂ ಮಧ್ಯ ಏಷ್ಯಾದಿಂದಲೂ ಇಲ್ಲಿಗೆ ಬರುತ್ತವೆ. ಅಲೆ ಬಿಟ್ಟುಹೋದ ಪಾಚಿ, ಸೊಪ್ಪು, ಕಡ್ಡಿಗಳ ಗೆರೆಯಲ್ಲಿ ಅವುಗಳ ಆಹಾರ ಇರುತ್ತದೆ. ಹೊನ್ನಾವರದ ಕಾಸರಕೋಡು ಮತ್ತು ಪಡುಬಿದ್ರಿ ತೀರಗಳಿಗೆ 2020ರಲ್ಲಿ, ಸ್ವಚ್ಛ ಸುರಕ್ಷಿತ ತೀರಗಳಿಗೆ ಕೊಡುವ ಬ್ಲೂ ಫ್ಲ್ಯಾಗ್ ಎಂಬ ಅಂತರರಾಷ್ಟ್ರೀಯ ಮಾನ್ಯತೆ ದೊರೆತಾಗ ಅನೇಕರು ಅದನ್ನು ಒಂದು ಕಡ್ಡಿಯೂ ಇಲ್ಲದ ತೀರ ಎಂದು ತಿಳಿದುಕೊಂಡರು. ಆದರೆ ತೊಂದರೆ ಕೊಡದಿದ್ದರೆ ಸಹಜವಾಗಿ ಬಂದ ಪಾಚಿ ಸೊಪ್ಪನ್ನು ದಡದಲ್ಲೇ ಬಿಡಬೇಕೆಂದು ಆ ಮಾನ್ಯತೆಯ ನಿಯಮವೇ ಹೇಳುತ್ತದೆ. ಪ್ಲಾಸ್ಟಿಕ್ ಹೆಕ್ಕುವುದು ಬೇರೆ, ಯಂತ್ರದಿಂದ ಮರಳನ್ನು ಬಾಚಿ ನುಣುಪು ಮಾಡುವುದು ಬೇರೆ. ಎರಡನೆಯದನ್ನು ಸ್ವಚ್ಛತೆಯೆಂದು ಕರೆಯಲು ನನ್ನ ಮನಸ್ಸು ಒಪ್ಪುವುದಿಲ್ಲ.

ಕಡಲಾಮೆಯ ವಿಷಯಕ್ಕೆ ಬರುತ್ತೇನೆ. ನಮ್ಮ ತೀರದಲ್ಲಿ ಮೊಟ್ಟೆಯಿಡುವುದು ಮುಖ್ಯವಾಗಿ ಆಲಿವ್ ರಿಡ್ಲೆ. ಒಡಿಶಾದ ಗಹಿರ್ಮಾಥಾ, ಋಷಿಕುಲ್ಯಾಗಳಲ್ಲಿ ಲಕ್ಷಗಟ್ಟಲೆ ಆಮೆಗಳು ಒಟ್ಟಿಗೆ ಬರುವಂತೆ ಇಲ್ಲಿ ಬರುವುದಿಲ್ಲ. ಒಂದೊಂದಾಗಿ, ಮುಖ್ಯವಾಗಿ ಚಳಿಗಾಲದ ತಿಂಗಳುಗಳ ರಾತ್ರಿಗಳಲ್ಲಿ ಬರುತ್ತವೆ. ಹೊನ್ನಾವರದ ಕಾಸರಕೋಡು ಟೊಂಕದಿಂದ ಕಾರವಾರದವರೆಗೆ ಹಲವು ತೀರಗಳಲ್ಲಿ ಅರಣ್ಯ ಇಲಾಖೆಯವರೂ ಮೀನುಗಾರರೂ ಸೇರಿ ಗೂಡುಗಳಿಗೆ ಕಾವಲು ಹಾಕುತ್ತ ಬಂದಿದ್ದಾರೆ. 2024ರಲ್ಲಿ ಮಂಗಳೂರಿನ ಆಸುಪಾಸಿನ ಮರಳಿನಲ್ಲೂ ಗೂಡುಗಳು ಪತ್ತೆಯಾದವು. ಹೆಣ್ಣಾಮೆ ಉಬ್ಬರದ ನೀರು ಮುಟ್ಟದ ಎತ್ತರದವರೆಗೆ ತೆವಳಿ, ಹಿಂಗಾಲುಗಳಿಂದ ಹೂಜಿಯಾಕಾರದ ಗುಳಿ ತೋಡಿ, ನೂರರ ಆಸುಪಾಸು ಮೊಟ್ಟೆಗಳನ್ನಿಟ್ಟು ಮುಚ್ಚಿ, ಮತ್ತೆ ಕಡಲಿಗೆ ಹೊರಟುಹೋಗುತ್ತದೆ. ಮುಂದಿನ 45ರಿಂದ 60 ದಿನಗಳ ಕಾಲ ಕಾವು ಕೊಡುವ ಕೆಲಸ ಮರಳಿನದು. ಮರಿ ಹೆಣ್ಣಾಗಬೇಕೋ ಗಂಡಾಗಬೇಕೋ ಎಂಬುದನ್ನೂ ಮರಳಿನ ಉಷ್ಣತೆಯೇ ತೀರ್ಮಾನಿಸುತ್ತದೆ: ಸುಮಾರು 29 ಡಿಗ್ರಿ ಸೆಲ್ಸಿಯಸ್‌ನಿಂದ ಮೇಲೆ ಹೋದಂತೆ ಹೆಣ್ಣುಮರಿಗಳು ಹೆಚ್ಚು, ಕೆಳಗಿಳಿದಂತೆ ಗಂಡುಮರಿಗಳು ಹೆಚ್ಚು. ಆದ್ದರಿಂದ ಕಲ್ಲಿನ ಗೋಡೆಯ ಬುಡಕ್ಕೆ ತಲೆ ಬಡಿದು ಹಿಂತಿರುಗುವ ಆಮೆ, ನೀರು ನುಗ್ಗುವ ತಗ್ಗಿನಲ್ಲೇ ಮೊಟ್ಟೆಯಿಡಬೇಕಾದ ಆಮೆ, ಇವು ದಡ ಸವೆತದ ನೇರ ಬಲಿಗಳು. ಮೊಟ್ಟೆಯಿಂದ ಹೊರಬಂದ ಮರಿಗಳು ಕತ್ತಲಲ್ಲಿ ಹೆಚ್ಚು ಬೆಳಕಿರುವ ದಿಕ್ಕನ್ನು ಕಡಲೆಂದು ನಂಬಿ ಓಡುತ್ತವೆ. ರೆಸಾರ್ಟಿನ ದೀಪಗಳು ಕಡಲಿಗಿಂತ ಪ್ರಖರವಾಗಿದ್ದರೆ ಅವು ರಸ್ತೆಯ ಕಡೆ ಹೊರಡುತ್ತವೆ, ಬೆಳಗಾಗುವುದರೊಳಗೆ ನಾಯಿ ಕಾಗೆಗಳ ಪಾಲಾಗುತ್ತವೆ. ಆ ದೀಪಗಳನ್ನು ಕೆಲವು ತಿಂಗಳು ಆರಿಸುವುದಕ್ಕೆ ಯಾವ ಅನುದಾನವೂ ಬೇಕಿಲ್ಲ.

ಮರಳದಿಬ್ಬವನ್ನು ಹಿಡಿದಿಡುವ ಸಸ್ಯಗಳಲ್ಲಿ ಮುಂಚೂಣಿಯಲ್ಲಿರುವುದು ನೇರಳೆ ಹೂವಿನ ಅಡುಂಬು ಬಳ್ಳಿ. ಬಂಗಡೆ ಬಳ್ಳಿಯೆಂದೂ ಕರೆಯುತ್ತಾರೆ. ಮುಳ್ಳುಚೆಂಡಿನಂತೆ ಉರುಳುವ ರಾವಣನ ಮೀಸೆ ಹುಲ್ಲು, ಅದರ ಹಿಂದೆ ಕೇದಗೆ, ಹೊನ್ನೆ ಬರುತ್ತವೆ. ಗಾಳಿಮರ ನಮ್ಮದಲ್ಲ, ಹತ್ತೊಂಬತ್ತನೆಯ ಶತಮಾನದಲ್ಲಿ ಕಾರವಾರದ ಕಡೆ ಸೌದೆಗಾಗಿ ನೆಡುತೋಪಾಗಿ ಬೆಳೆಸಲು ಆರಂಭಿಸಿದ್ದು. ಅದು ಗಾಳಿಯನ್ನು ತಡೆಯುತ್ತದೆ ನಿಜ, ಆದರೆ ಅದರ ದಟ್ಟ ನೆರಳು ಮತ್ತು ಉದುರಿದ ಎಲೆಯ ಹಾಸಿನಡಿ ಬಳ್ಳಿ ಹುಲ್ಲುಗಳು ಬೆಳೆಯುವುದಿಲ್ಲ. ಅಲೆಯ ಅಂಚಿನವರೆಗೂ ನೆಟ್ಟರೆ ಆಮೆಗೆ ಗುಳಿ ತೋಡಲು ಜಾಗವೂ ಉಳಿಯುವುದಿಲ್ಲ. ಬುಡದ ಮರಳು ಹೋದಾಗ ಮೊದಲು ಉರುಳುವ ಮರವೂ ಅದೇ.

ಇನ್ನು ನಮ್ಮ ಕೈವಾಡದ ಭಾಗ. ರಾಷ್ಟ್ರೀಯ ಕರಾವಳಿ ಸಂಶೋಧನಾ ಕೇಂದ್ರವು 1990ರಿಂದ 2018ರವರೆಗಿನ ಉಪಗ್ರಹ ಚಿತ್ರಗಳನ್ನೂ ಕ್ಷೇತ್ರ ಸಮೀಕ್ಷೆಯನ್ನೂ ಇಟ್ಟುಕೊಂಡು ದೇಶದ ದಡಗಳನ್ನು ಅಳೆಯಿತು. ಕರ್ನಾಟಕದ ಸುಮಾರು 313 ಕಿಲೋಮೀಟರ್ ದಡದಲ್ಲಿ 74 ಕಿಲೋಮೀಟರಿನಷ್ಟು, ಅಂದರೆ ಶೇಕಡಾ 24ರ ಆಸುಪಾಸು ಸವೆಯುತ್ತಿದೆ, ಸುಮಾರು 82 ಕಿಲೋಮೀಟರಿನಲ್ಲಿ ಮರಳು ಸೇರುತ್ತಿದೆ, ಉಳಿದರ್ಧ ಸ್ಥಿರವಾಗಿದೆ. ಸವೆಯುವುದಕ್ಕಿಂತ ಬೆಳೆಯುವ ದಡ ಹೆಚ್ಚಿದೆ ಎಂದು ಈ ಅಂಕಿಗಳಿಂದ ಸಮಾಧಾನ ಪಡುವುದು ತಪ್ಪು, ಏಕೆಂದರೆ ಬೆಳೆದ ದಡ ಒಬ್ಬರದು, ಕಳೆದುಹೋದ ಮನೆ ಇನ್ನೊಬ್ಬರದು. ನೇತ್ರಾವತಿ ಮತ್ತು ಫಲ್ಗುಣಿ ಕಡಲು ಸೇರುವ ಅಳಿವೆಯಲ್ಲಿ ಇದು ಸ್ಪಷ್ಟವಾಗಿ ಕಾಣುತ್ತದೆ. ದೋಣಿಗಳ ಸುರಕ್ಷಿತ ಪ್ರವೇಶಕ್ಕಾಗಿ ಅಲ್ಲಿ ಎರಡೂ ಬದಿಗೆ ಬ್ರೇಕ್‌ವಾಟರ್‌ಗಳನ್ನು, ಅಂದರೆ ಅಲೆ ತಡೆಯುವ ಕಲ್ಲಿನ ದಂಡೆಗಳನ್ನು, ಕಡಲಿಗೆ ಚಾಚಲಾಯಿತು. ಉತ್ತರದ ಬೆಂಗ್ರೆಯ ಬದಿಯಲ್ಲಿ ಮರಳು ಸೇರತೊಡಗಿತು, ದಕ್ಷಿಣದ ಉಳ್ಳಾಲದ ದಡ ಸವೆಯತೊಡಗಿತು. ಉಳ್ಳಾಲಕ್ಕೆ ಕಲ್ಲಿನ ತಡೆಗೋಡೆ ಬಂತು; ಗೋಡೆಗೆ ಬಡಿದ ಅಲೆ ಹಿಂದಿರುಗುವಾಗ ಗೋಡೆಯ ಬುಡದ ಮರಳನ್ನೇ ಕೆದಕಿಕೊಂಡು ಹೋಯಿತು, ಕಲ್ಲುಗಳು ಕುಸಿದವು, ಮತ್ತೆ ಕಲ್ಲು ಸುರಿಯಲಾಯಿತು. ಏಷ್ಯನ್ ಅಭಿವೃದ್ಧಿ ಬ್ಯಾಂಕಿನ ನೆರವಿನ ಯೋಜನೆಯಲ್ಲಿ ಕಡಲಿನೊಳಗೆ ಅಲೆಯ ಹೊಡೆತ ತಗ್ಗಿಸುವ ರೀಫ್‌ಗಳೆಂಬ ಕೃತಕ ದಿಬ್ಬಗಳನ್ನೂ ನಿರ್ಮಿಸಲಾಯಿತು. ಉಳ್ಳಾಲದ ಕೆಲವು ಭಾಗಗಳಿಗೆ ಉಸಿರಾಡುವಷ್ಟು ಬಿಡುವು ಸಿಕ್ಕಿತು. ಆನಂತರದ ಮಳೆಗಾಲಗಳಲ್ಲಿ ಕೊರೆತದ ಕೂಗು ಇನ್ನೂ ದಕ್ಷಿಣದ ಸೋಮೇಶ್ವರ, ಉಚ್ಚಿಲದಿಂದ ಕೇಳತೊಡಗಿತು. ಅಲ್ಲಿಯವರ ಸಂಕಟವನ್ನು ನಾನು ಹಗುರಾಗಿ ಕಾಣುತ್ತಿಲ್ಲ. ಮನೆಯ ಅಡಿಪಾಯಕ್ಕೆ ಅಲೆ ಬಡಿಯುತ್ತಿರುವಾಗ ಕಲ್ಲು ಬೇಡವೆನ್ನಲು ಯಾರಿಗೂ ಬಾಯಿ ಬರುವುದಿಲ್ಲ. ಆದರೆ ಗೋಡೆ ತನ್ನ ಹಿಂದಿನ ಮನೆಯನ್ನು ಉಳಿಸಬಲ್ಲದೇ ಹೊರತು ತನ್ನ ಮುಂದಿನ ಮರಳನ್ನು ಉಳಿಸಲಾರದು, ಮತ್ತು ಗೋಡೆ ಮುಗಿಯುವ ಜಾಗದ ಪಕ್ಕದ ಮನೆಗೆ ಸರದಿ ಬರುತ್ತದೆ ಎಂಬುದನ್ನು ಗುತ್ತಿಗೆ ಕರೆಯುವ ಮೊದಲೇ ಲೆಕ್ಕಕ್ಕೆ ತೆಗೆದುಕೊಳ್ಳಬೇಕು.

ನದಿಯ ಕಡೆಯಿಂದ ಬರುವ ಮರಳೂ ಕಡಿಮೆಯಾಗಿದೆ. ಶರಾವತಿಗೆ 1964ರಲ್ಲಿ ಪೂರ್ಣಗೊಂಡ ಲಿಂಗನಮಕ್ಕಿಯೂ, ಕಾಳಿಗೆ ಸೂಪಾ ಮೊದಲಾದ ಅಣೆಕಟ್ಟುಗಳೂ ಅಡ್ಡ ನಿಂತಿವೆ; ಅವುಗಳ ಹಿಂದೆ ಕೂತ ಮರಳು ಕಡಲನ್ನು ಕಾಣುವುದಿಲ್ಲ. ದೊಡ್ಡ ಅಣೆಕಟ್ಟಿಲ್ಲದ ಅಘನಾಶಿನಿಯ ಅಳಿವೆ 2024ರಲ್ಲಿ ರಾಮ್ಸರ್ ತಾಣ, ಅಂದರೆ ಅಂತರರಾಷ್ಟ್ರೀಯ ಮಹತ್ವದ ಜೌಗುಪ್ರದೇಶ, ಎಂದು ಮಾನ್ಯವಾಯಿತು. ಅಲ್ಲಿನ ಬಳಚು ಎಂಬ ಚಿಪ್ಪಿನ ಜೀವಿಯ ಸಮೃದ್ಧಿಗೆ ಹರಿಯುವ ನದಿಯೇ ಆಧಾರ. ಅಣೆಕಟ್ಟಿನ ಕೆಳಗೆ ಉಳಿದ ಮರಳನ್ನು ಕಟ್ಟಡಗಳಿಗೆಂದು ತೆಗೆಯುತ್ತೇವೆ. ಇದರ ಮೇಲೆ ಕಡಲೂ ಏರುತ್ತಿದೆ: ಉತ್ತರ ಹಿಂದೂ ಮಹಾಸಾಗರದ ಮಟ್ಟ 1993ರಿಂದ 2017ರ ನಡುವೆ ವರ್ಷಕ್ಕೆ ಸರಾಸರಿ 3.3 ಮಿಲಿಮೀಟರಿನಂತೆ ಏರಿದೆ. 2021ರ ಮೇ ತಿಂಗಳಲ್ಲಿ ತೌಕ್ತೆ ಚಂಡಮಾರುತ ಬಂದಾಗ, ಮಳೆಗಾಲಕ್ಕೆ ಮುನ್ನವೇ, ನಮ್ಮ ದಡಗಳು ಮುಂಗಾರಿನಂತಹ ಹೊಡೆತ ತಿಂದವು.

ಇಂತಹ ಸಮಯದಲ್ಲಿ 2019ರ ಕರಾವಳಿ ನಿಯಂತ್ರಣ ವಲಯ ಅಧಿಸೂಚನೆ, ಚದರ ಕಿಲೋಮೀಟರಿಗೆ 2,161ಕ್ಕಿಂತ ಹೆಚ್ಚು ಜನರಿರುವ ಗ್ರಾಮೀಣ ಪ್ರದೇಶಗಳಲ್ಲಿ ಉಬ್ಬರದ ಗೆರೆಯಿಂದ 200 ಮೀಟರ್ ಇದ್ದ, ಕಟ್ಟಡಗಳಿಗೆ ನಿರ್ಬಂಧಿತ ಅಗಲವನ್ನು 50 ಮೀಟರಿಗೆ ಇಳಿಸಿತು. ಒಂದೇ ವರ್ಷದೊಳಗೆ ಹತ್ತಾರು ಮೀಟರ್ ಹಿಂದೆ ಮುಂದೆ ಓಲಾಡುವ ದಡಕ್ಕೆ 50 ಮೀಟರ್ ಸಾಲದು ಎಂಬುದು ನನ್ನ ಖಚಿತ ಅಭಿಪ್ರಾಯ. ಕಡಲ ಮಕ್ಕಳಿಗೆ ದಡದಲ್ಲಿ ಮನೆ ಬೇಕು ಎಂಬ ನ್ಯಾಯವಾದ ಬೇಡಿಕೆಗೂ ರೆಸಾರ್ಟುಗಳಿಗೆ ಜಾಗ ಬಿಡುವುದಕ್ಕೂ ವ್ಯತ್ಯಾಸವಿದೆ. ಕೈರಂಪಣಿ ಬಲೆಯನ್ನು ದಡಕ್ಕೆ ಎಳೆಯಲು, ದೋಣಿ ಏರಿಸಲು, ಮೀನು ಒಣಗಿಸಲು ಅಗಲವಾದ ಮರಳು ಬೇಕಾದವರು ಮೀನುಗಾರರೇ. ಮರಳು ಹೋದರೆ ಮೊದಲು ಕೆಲಸ ಕಳೆದುಕೊಳ್ಳುವವರೂ ಅವರೇ.

ಉಪನ್ಯಾಸದ ನಂತರ ಹಿರಿಯ ಮೀನುಗಾರರೊಬ್ಬರು, ಹಾಗಾದರೆ ಹಾಕಿದ ಕಲ್ಲನ್ನೆಲ್ಲ ತೆಗೆಯಬೇಕೇ ಎಂದು ಕೇಳಿದರು. ತೆಗೆಯಬೇಕಿಲ್ಲ ಎಂದೆ. ಹಿಂದೆ ಮನೆಗಳಿರುವ ಕಡೆ ಗೋಡೆ ಸದ್ಯಕ್ಕೆ ಇರಲಿ, ಆದರೆ ಮನೆಗಳಿಲ್ಲದ ಕಡೆ ಹೊಸದಾಗಿ ಕಟ್ಟುವುದನ್ನು ನಿಲ್ಲಿಸಬೇಕು. ಬಂದರು ಮತ್ತು ಅಳಿವೆಗಳಲ್ಲಿ ಹೂಳೆತ್ತುವಾಗ ಸಿಗುವ ಶುದ್ಧ ಮರಳನ್ನು ಮಾರದೆ, ಆಳ ಕಡಲಿಗೂ ಎಸೆಯದೆ, ಬ್ರೇಕ್‌ವಾಟರ್‌ನ ಸವೆಯುವ ಬದಿಯ ದಡಕ್ಕೆ ಪಂಪು ಮಾಡಿ ಹಾಕಬೇಕು. ಆಸ್ಟ್ರೇಲಿಯಾದ ಗೋಲ್ಡ್ ಕೋಸ್ಟ್‌ನಲ್ಲಿ ಅಳಿವೆಯ ಒಂದು ಬದಿಯ ಮರಳನ್ನು ಕೊಳವೆಯ ಮೂಲಕ ಇನ್ನೊಂದು ಬದಿಗೆ ದಾಟಿಸುವ ವ್ಯವಸ್ಥೆ 1986ರಿಂದ ನಡೆಯುತ್ತಿದೆ, ನಮ್ಮಲ್ಲೇ ಪುದುಚೇರಿಯಲ್ಲಿ ಬಂದರಿನ ಹೂಳಿನ ಮರಳನ್ನು ನಗರದ ದಡಕ್ಕೆ ಸಾಗಿಸಿದಾಗ ಕಳೆದುಹೋಗಿದ್ದ ತೀರದ ಒಂದು ಭಾಗ ಮತ್ತೆ ಕಾಣಿಸಿಕೊಂಡಿತು. ಪ್ರತಿವರ್ಷ ತಪ್ಪದೆ ಮಾಡಿದರೆ ಮಾತ್ರ ಇದು ಫಲ ಕೊಡುವ ಕೆಲಸ. ಒಂದು ವರ್ಷ ಬಿಟ್ಟರೂ ಅಲೆ ಆ ಮರಳನ್ನು ಒಯ್ಯುತ್ತದೆ. ಹಾಗಾಗಿ ತಡೆಗೋಡೆಗೆಂದು ಪ್ರತಿ ಮಳೆಗಾಲ ಕೊಡುವ ಹಣದಲ್ಲಿ ಒಂದು ಪಾಲನ್ನು ಈ ಕೆಲಸಕ್ಕೆ ಕಾಯಂ ಆಗಿ ತೆಗೆದಿಡುವಂತೆ ಗ್ರಾಮ ಪಂಚಾಯಿತಿಗಳೂ ಮೀನುಗಾರರ ಸಹಕಾರಿ ಸಂಘಗಳೂ ಒಟ್ಟಾಗಿ ಕೇಳಬೇಕು ಎಂದು ಅವರಿಗೆ ಹೇಳಿದೆ.